ಸಾರ್ಡಿನ್ ಎಲ್ಲಾ ಸಮುದ್ರದಲ್ಲೂ ಇದೆಯಾ? ಅದರ ಬಾಯೊಳಗಿನ ಬಾಚಣಿಗೆಯಿಂದ ಶುರು ಮಾಡೋಣ

ಪ್ರಶ್ನೆ: ಸಾರ್ಡಿನ್ ಅಂದರೆ ಒಂದೇ ಮೀನಾ, ಇಲ್ಲಾ ಹಲವು ಮೀನುಗಳಿಗೆ ಇರೋ ಒಂದು ಹೆಸರಾ? ಪ್ರಪಂಚದ ಎಲ್ಲಾ ಸಮುದ್ರದಲ್ಲೂ ಇದೆಯಾ? ಒಂದಷ್ಟು ವರ್ಷ ರಾಶಿ ರಾಶಿ ಸಿಕ್ಕಿ ಆಮೇಲೆ ಇದ್ದಕ್ಕಿದ್ದಂತೆ ಮಾಯವಾಗುತ್ತದಂತೆ, ಯಾಕೆ? ಇನ್ನೊಂದು ಪೆದ್ದ ಪ್ರಶ್ನೆ: ಇದು ಸಿಹಿನೀರಲ್ಲಿ ಬದುಕುತ್ತದಾ?

ಉತ್ತರ: ಒಂದೇ ಸಾಲಲ್ಲಿ ಬೇಕಿದ್ದರೆ, ಒಂದೇ ಮೀನಲ್ಲ, ಎಲ್ಲಾ ಕಡೆ ಇಲ್ಲ, ಮಾಯವಾಗೋದು ನಿಜ. ಕೊನೆಯ ಪ್ರಶ್ನೆ ಪೆದ್ದದ್ದೇನೂ ಅಲ್ಲ. ಅದನ್ನು ಕೊನೆಗೇ ಇಟ್ಟುಕೊಳ್ಳುತ್ತೇನೆ.

ಈಗ ಉದ್ದದ ಉತ್ತರ. ಸಾಮಾನ್ಯವಾಗಿ ಮೀನಿನ ಬಗ್ಗೆ ಬರೆಯುವಾಗ ಹೆಸರು, ಕುಟುಂಬ, ಉದ್ದ, ತೂಕ ಅಂತ ಹೋಗುತ್ತೇವೆ. ನಾನು ಬಾಯಿಂದ ಶುರು ಮಾಡುತ್ತೇನೆ. ಯಾಕೆಂದರೆ ಸಾರ್ಡಿನ್ ಎಲ್ಲಿರುತ್ತದೆ, ಎಲ್ಲಿರಲ್ಲ, ಯಾವಾಗ ಉಕ್ಕುತ್ತದೆ, ಯಾವಾಗ ಬತ್ತುತ್ತದೆ ಅನ್ನೋದರ ಬಹುಪಾಲು ಗುಟ್ಟು ಅದು ಹೇಗೆ ತಿನ್ನುತ್ತದೆ ಅನ್ನೋದರಲ್ಲೇ ಇದೆ.

ಒಂದು ಸಾರ್ಡಿನ್ ಕೈಗೆ ಸಿಕ್ಕರೆ ಅದರ ಕಿವಿರು ಮುಚ್ಚಳವನ್ನು ಉಗುರಿನಿಂದ ಮೆಲ್ಲಗೆ ಎತ್ತಿ ನೋಡಿ. ಒಳಗೆ ಕೆಂಪು ಗರಿಗಳ ಥರ ಕಾಣುವುದು ಉಸಿರಾಡುವ ಭಾಗ. ಎಲ್ಲರೂ ಅಷ್ಟು ನೋಡಿ ಮುಚ್ಚಿಬಿಡುತ್ತಾರೆ. ಆ ಗರಿಗಳು ಅಂಟಿಕೊಂಡಿರುವ ಬಿಲ್ಲಿನಂಥ ಮೂಳೆ ಇದೆಯಲ್ಲ, ಅದರ ಇನ್ನೊಂದು ಬದಿ ಬಾಯಿಯ ಕಡೆಗೆ ತಿರುಗಿರುತ್ತದೆ. ಅಲ್ಲಿ ಬೆಳ್ಳಗಿನ ಸಣ್ಣ ಕಡ್ಡಿಗಳ ಸಾಲು ಇರುತ್ತದೆ. ಒಂದರ ಪಕ್ಕ ಒಂದು, ಹೇನು ಬಾಚಣಿಗೆಯ ಹಲ್ಲಿಗಿಂತ ಒತ್ತಾಗಿ. ನಾನು ವಿದ್ಯಾರ್ಥಿಯಾಗಿದ್ದಾಗ ಮೊದಲ ಸಲ ಇದನ್ನು ಕತ್ತರಿಸಿ ಸೂಕ್ಷ್ಮದರ್ಶಕದ ಕೆಳಗೆ ಇಟ್ಟು ಹಲ್ಲು ಎಣಿಸೋಕೆ ಹೋಗಿ, ನಾಲ್ಕು ಸಲ ಎಣಿಸಿ ನಾಲ್ಕು ಲೆಕ್ಕ ಬಂದು ತಲೆಕೆಟ್ಟು ಎದ್ದುಬಿಟ್ಟಿದ್ದೆ. ಪ್ರತಿ ಕಡ್ಡಿಯ ಮೇಲೂ ಇನ್ನೂ ಸಣ್ಣ ಮುಳ್ಳುಗಳಿರುತ್ತವೆ. ಅಂದರೆ ಬಾಚಣಿಗೆಯ ಹಲ್ಲಿಗೂ ಹಲ್ಲು!

ಮೀನು ಬಾಯಿ ತೆರೆದುಕೊಂಡು ಮುಂದೆ ಈಜುತ್ತದೆ. ನೀರು ಬಾಯಿಂದ ಒಳಬಂದು ಕಿವಿರಿನ ಸಂದಿಯಿಂದ ಹೊರಹೋಗುತ್ತದೆ. ನೀರಿನಲ್ಲಿ ತೇಲುವ ಸಣ್ಣ ಜೀವಿಗಳ ರಾಶಿ, ಅಂದರೆ ಪ್ಲಾಂಕ್ಟನ್, ಈ ಜರಡಿಯಲ್ಲಿ ಉಳಿದು ಗಂಟಲಿಗೆ ಇಳಿಯುತ್ತದೆ. ಸಸ್ಯ ಪ್ಲಾಂಕ್ಟನ್ ಆದ ಡಯಾಟಮ್‌ಗಳೂ ಸಿಗುತ್ತವೆ, ಸಿಗಡಿಯ ದೂರದ ನೆಂಟರಾದ ಕೋಪಿಪಾಡ್‌ಗಳೂ ಸಿಗುತ್ತವೆ. ಬರೀ ಸೋಸೋದಷ್ಟೇ ಗೊತ್ತು ಅಂದುಕೊಳ್ಳಬೇಡಿ. ತುತ್ತು ದೊಡ್ಡದಿದ್ದರೆ ಒಂದೊಂದನ್ನೇ ನೋಡಿ ಕಚ್ಚಿ ತಿನ್ನುತ್ತದೆ. ದಕ್ಷಿಣ ಆಫ್ರಿಕಾದ ಸಾರ್ಡಿನ್‌ಗಳನ್ನು ತೊಟ್ಟಿಯಲ್ಲಿಟ್ಟು ಪರೀಕ್ಷಿಸಿದಾಗ ಸುಮಾರು 1.2 ಮಿಲಿಮೀಟರ್‌ಗಿಂತ ಸಣ್ಣದನ್ನು ಸೋಸುತ್ತವೆ, ಅದಕ್ಕಿಂತ ದೊಡ್ಡದನ್ನು ಕಚ್ಚುತ್ತವೆ ಅಂತ ಗೊತ್ತಾಯಿತು. ಇದೇ ನೀರಿನಲ್ಲಿರುವ ಇನ್ನೊಂದು ಸಣ್ಣ ಮೀನು ಆಂಚೊವಿ. ಅದರ ಬಾಚಣಿಗೆಯ ಸಂದಿ ಸ್ವಲ್ಪ ಅಗಲ. ಹಾಗಾಗಿ ಅದಕ್ಕೆ ದೊಡ್ಡ ಕೋಪಿಪಾಡ್ ಕಚ್ಚಿ ತಿನ್ನೋದೇ ಲಾಭ. ಈ ಸಣ್ಣ ವ್ಯತ್ಯಾಸ ನೆನಪಿರಲಿ, ಮುಂದೆ ಕೆಲಸಕ್ಕೆ ಬರುತ್ತದೆ.

ಕನ್ನಡದಲ್ಲಿ ಬೂತಾಯಿ, ತಾರ್ಲೆ ಅಂತ ಕರೆಯೋ ಮೀನಿನ ವೈಜ್ಞಾನಿಕ ಹೆಸರು ಸಾರ್ಡಿನೆಲ್ಲಾ ಲಾಂಗಿಸೆಪ್ಸ್. ಲಾಂಗಿಸೆಪ್ಸ್ ಅಂದರೆ ಉದ್ದ ತಲೆಯದ್ದು. ತಲೆ ಯಾಕೆ ಉದ್ದ? ಅಷ್ಟು ದೊಡ್ಡ ಜರಡಿಗೆ ಜಾಗ ಬೇಕಲ್ಲ. ಇದರ ಕಿವಿರಿನ ಬಿಲ್ಲಿನ ಕೆಳಭಾಗವೊಂದರಲ್ಲೇ 150ಕ್ಕೂ ಜಾಸ್ತಿ ಕಡ್ಡಿಗಳಿರುತ್ತವೆ. ನನ್ನ ಎಣಿಕೆ ತಪ್ಪಿದ್ದಕ್ಕೆ ಅರ್ಥ ಇದೆ ಅಲ್ವಾ?

ಈಗ ಹೆಸರಿನ ವಿಷಯ. ಸಾರ್ಡಿನ್ ಅನ್ನೋದು ಒಂದು ಜಾತಿಯ ಹೆಸರಲ್ಲ. ಹೆರಿಂಗ್ ಬಳಗದ ಸಣ್ಣ, ಬೆಳ್ಳಿ ಬಣ್ಣದ, ಹಿಂಡಾಗಿ ಈಜುವ ಮೀನುಗಳಿಗೆಲ್ಲ ಜನ ಕೊಟ್ಟ ಹೆಸರು. ಅದರಲ್ಲಿ ಮೂರು ಗುಂಪು ಮುಖ್ಯ. ಮೊದಲನೆಯದು ಯುರೋಪಿನ ಸಾರ್ಡಿನ್, ಸಾರ್ಡಿನಾ ಪಿಲ್ಕಾರ್ಡಸ್. ಸಾರ್ಡಿನಾ ಗುಂಪಿನಲ್ಲಿ ಇದೊಂದೇ ಜಾತಿ. ಎರಡನೆಯದು ಸಾರ್ಡಿನಾಪ್ಸ್, ಪೆಸಿಫಿಕ್ ಸುತ್ತಲೂ ದಕ್ಷಿಣ ಆಫ್ರಿಕಾದ ಕಡೆಗೂ ಇರೋದು. ಮೂರನೆಯದು ಸಾರ್ಡಿನೆಲ್ಲಾ, ಬಿಸಿ ಸಮುದ್ರಗಳದ್ದು, ಇದರಲ್ಲಿ ಜಾತಿಗಳು ತುಂಬಾ ಇವೆ. ಹಿಂದೆ ಎಲ್ಲವನ್ನೂ ಒಂದೇ ಕುಟುಂಬಕ್ಕೆ ಸೇರಿಸುತ್ತಿದ್ದರು. ಡಿಎನ್‌ಎ ನೋಡಿದ ಮೇಲೆ ಈಚೆಗೆ ಸಾರ್ಡಿನೆಲ್ಲಾವನ್ನು ಬೇರೆ ಕುಟುಂಬಕ್ಕೆ ಹಾಕಿದ್ದಾರೆ. ಅಂದರೆ ಹೆಸರು ಒಂದೇ ಥರ ಇದ್ದರೂ ಇವರು ಅಣ್ಣತಮ್ಮಂದಿರಲ್ಲ, ದೂರದ ದಾಯಾದಿಗಳು.

ಗುರುತು ಹಿಡಿಯೋದು ಕಷ್ಟವಿಲ್ಲ. ಕಿವಿರು ಮುಚ್ಚಳದ ಮೇಲೆ ಬೆರಳಾಡಿಸಿ. ಬೀಸಣಿಗೆಯ ಮಡಿಕೆಯ ಹಾಗೆ ಕೆಳಮುಖವಾಗಿ ಹರಡಿದ ಗೀರುಗಳು ತಾಕಿದರೆ ಅದು ಸಾರ್ಡಿನಾ ಅಥವಾ ಸಾರ್ಡಿನಾಪ್ಸ್. ನುಣ್ಣಗಿದ್ದರೆ ಸಾರ್ಡಿನೆಲ್ಲಾ ಇರಬಹುದು. ಸಾರ್ಡಿನಾಪ್ಸ್‌ನ ಪಕ್ಕೆಯಲ್ಲಿ ಸಾಮಾನ್ಯವಾಗಿ ಕಪ್ಪು ಚುಕ್ಕೆಗಳ ಸಾಲು ಇರುತ್ತದೆ. ಪಿಲ್ಚರ್ಡ್ ಅಂತ ಇನ್ನೊಂದು ಹೆಸರು ಕೇಳಿರುತ್ತೀರಿ. ಬ್ರಿಟನ್ನಿನಲ್ಲಿ ಒಂದೇ ಮೀನು ಸಣ್ಣದಿದ್ದಾಗ ಸಾರ್ಡಿನ್, ಬಲಿತ ಮೇಲೆ ಪಿಲ್ಚರ್ಡ್. ಅಷ್ಟೇ ವ್ಯತ್ಯಾಸ.

ಹೆಸರಿನ ಈ ಗೊಂದಲ ಕೋರ್ಟಿನಂಥ ಜಾಗಕ್ಕೂ ಹೋಗಿತ್ತು. ಯುರೋಪಿನ ಒಕ್ಕೂಟ 1989ರಲ್ಲಿ ಒಂದು ನಿಯಮ ಮಾಡಿ, ಡಬ್ಬಿಯ ಮೇಲೆ ಸಾರ್ಡಿನ್ ಅಂತ ಬರೆಯಬೇಕಾದರೆ ಒಳಗೆ ಸಾರ್ಡಿನಾ ಪಿಲ್ಕಾರ್ಡಸ್ಸೇ ಇರಬೇಕು ಅಂದಿತು. ಪೆರು ದೇಶದವರದು ಸಾರ್ಡಿನಾಪ್ಸ್. ನಮ್ಮದೂ ಸಾರ್ಡಿನ್ನೇ ಅಂತ ಅವರು ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಕೊಟ್ಟರು. ಅಂತರರಾಷ್ಟ್ರೀಯ ಆಹಾರ ಮಾನದಂಡವಾದ ಕೋಡೆಕ್ಸ್‌ನ ಪಟ್ಟಿಯಲ್ಲಿ ಸಾರ್ಡಿನ್ ಥರದ ಮೀನು ಅಂತ ಇಪ್ಪತ್ತೊಂದು ಜಾತಿಗಳಿದ್ದವು. 2002ರಲ್ಲಿ ಪೆರು ಗೆದ್ದಿತು. ನನ್ನ ಮಟ್ಟಿಗೆ ಇದು ವ್ಯಾಪಾರದ ಜಗಳ, ಜೀವವಿಜ್ಞಾನದ್ದಲ್ಲ. ಮೀನಿಗಂತೂ ತನ್ನ ಹೆಸರೇನು ಅನ್ನೋ ಚಿಂತೆ ಇಲ್ಲ.

ಸರಿ, ಎಲ್ಲೆಲ್ಲಿವೆ? ಪ್ರಪಂಚದ ನಕ್ಷೆ ತೆಗೆದುಕೊಂಡು ಸಾರ್ಡಿನ್ ಇರುವ ಕಡೆ ಬಣ್ಣ ಹಚ್ಚಿದರೆ ಸಮುದ್ರವೆಲ್ಲ ತುಂಬೋದಿಲ್ಲ. ಖಂಡಗಳ ಅಂಚಿಗೆ ಸೀರೆಯ ಅಂಚಿನ ಹಾಗೆ ತೆಳ್ಳಗಿನ ಪಟ್ಟಿಗಳು ಬರುತ್ತವೆ, ಅಷ್ಟೇ. ನಡುಸಮುದ್ರದ ಬಹುಪಾಲು ಖಾಲಿ. ಧ್ರುವದ ಕಡೆಯೂ ಖಾಲಿ. ನಡುಸಮುದ್ರದ ನೀಲಿ ನೀರು ನೋಡೋಕೆ ಚೆಂದ, ಆದರೆ ಅಷ್ಟು ತಿಳಿಯಾಗಿದೆ ಅಂದರೆ ಅದರಲ್ಲಿ ತಿನ್ನೋಕೆ ಏನೂ ಇಲ್ಲ ಅಂತಲೇ ಅರ್ಥ. ಬಾಯಿ ತೆರೆದುಕೊಂಡು ಸೋಸಿ ಬದುಕುವ ಮೀನಿಗೆ ಗಂಜಿಯಂಥ ಮಂದ ನೀರು ಬೇಕು. ಈಜೋಕೆ ಖರ್ಚಾದ ಶಕ್ತಿ ಸೋಸಿದ್ದರಲ್ಲಿ ವಾಪಸ್ ಬರಬೇಕಲ್ಲ.

ಅಂಥ ನೀರು ಎಲ್ಲಿ ಸಿಗುತ್ತದೆ ಅಂದರೆ, ತಳದ ತಣ್ಣನೆಯ ನೀರು ಮೇಲೇಳುವ ಕಡೆ. ಸಮುದ್ರದಲ್ಲಿ ಸತ್ತದ್ದೆಲ್ಲ ಕೆಳಗೆ ಬೀಳುತ್ತದೆ. ಅದು ಕೊಳೆತು ಆಗುವ ನೈಟ್ರೇಟ್, ಫಾಸ್ಫೇಟ್ ಎಲ್ಲ ಕತ್ತಲಲ್ಲೇ ಉಳಿದುಬಿಡುತ್ತದೆ. ಮೇಲೆ ಬಿಸಿಲಿದೆ, ಗೊಬ್ಬರ ಇಲ್ಲ. ಕೆಳಗೆ ಗೊಬ್ಬರ ಇದೆ, ಬಿಸಿಲಿಲ್ಲ. ಗಾಳಿ ಕರಾವಳಿಗೆ ಸಮವಾಗಿ ಉದ್ದಕ್ಕೂ ಬೀಸಿದಾಗ ಭೂಮಿಯ ತಿರುಗುವಿಕೆಯಿಂದಾಗಿ ಮೇಲಿನ ನೀರು ಪಕ್ಕಕ್ಕೆ, ಕಡಲಿನ ಒಳಗಡೆಗೆ ಸರಿಯುತ್ತದೆ. ಆ ಜಾಗ ತುಂಬೋಕೆ ಕೆಳಗಿನ ನೀರು ಗೊಬ್ಬರದ ಸಮೇತ ಮೇಲೆ ಬರುತ್ತದೆ. ಕೆಲವೇ ದಿನದಲ್ಲಿ ಡಯಾಟಮ್‌ಗಳು ಉಕ್ಕಿ ನೀರು ಹಸಿರಾಗುತ್ತದೆ. ಇಂಥ ದೊಡ್ಡ ಜಾಗಗಳು ನಾಲ್ಕು: ಕ್ಯಾಲಿಫೋರ್ನಿಯಾ ಕರಾವಳಿ, ಪೆರು ಮತ್ತು ಚಿಲಿ, ಮೊರಾಕ್ಕೊದಿಂದ ಸೆನೆಗಲ್‌ವರೆಗಿನ ವಾಯವ್ಯ ಆಫ್ರಿಕಾ, ನಮೀಬಿಯಾ ಮತ್ತು ದಕ್ಷಿಣ ಆಫ್ರಿಕಾದ ಪಶ್ಚಿಮ ದಡ. ಸಮುದ್ರದ ಒಟ್ಟು ವಿಸ್ತೀರ್ಣದಲ್ಲಿ ಇವು ಶೇಕಡಾ 1ರ ಆಸುಪಾಸು. ಪ್ರಪಂಚದ ಸಮುದ್ರ ಮೀನಿನಲ್ಲಿ ಮಾತ್ರ ಸುಮಾರು ಐದನೇ ಒಂದು ಭಾಗ ಇಲ್ಲಿಂದಲೇ ಬರುತ್ತದೆ. ನಾಲ್ಕೂ ಕಡೆ ಸಾರ್ಡಿನ್ ಇದೆ, ಜೊತೆಗೆ ಆಂಚೊವಿಯೂ ಇದೆ. ಇದು ಸುಮ್ನೆ ಆದದ್ದಲ್ಲ.

ಯುರೋಪಿನ ಸಾರ್ಡಿನ್ ಉತ್ತರ ಸಮುದ್ರದಿಂದ ಸೆನೆಗಲ್‌ವರೆಗೆ, ಮೆಡಿಟರೇನಿಯನ್‌ನಲ್ಲಿ, ಕಪ್ಪು ಸಮುದ್ರದಲ್ಲಿ ಇದೆ. ಅಟ್ಲಾಂಟಿಕ್ ದಾಟಿ ಅಮೆರಿಕದ ಕಡೆಗೆ ಹೋಗಿಲ್ಲ. ಅಲ್ಲಿ ಆ ಜಾಗದಲ್ಲಿ ಸಾರ್ಡಿನೆಲ್ಲಾ ಕೂತಿದೆ.

ಸಾರ್ಡಿನಾಪ್ಸ್‌ನ ಹರವು ನನಗೆ ಎಲ್ಲಕ್ಕಿಂತ ವಿಚಿತ್ರ ಅನ್ನಿಸುತ್ತದೆ. ಜಪಾನ್, ಕ್ಯಾಲಿಫೋರ್ನಿಯಾ, ಪೆರು ಮತ್ತು ಚಿಲಿ, ಆಸ್ಟ್ರೇಲಿಯಾ ಮತ್ತು ನ್ಯೂಜಿಲೆಂಡ್, ದಕ್ಷಿಣ ಆಫ್ರಿಕಾ, ಹೀಗೆ ಒಂದಕ್ಕೊಂದು ಸಾವಿರಾರು ಕಿಲೋಮೀಟರ್ ದೂರದ ಐದು ಕಡೆ ಇದೆ. ನಡುವೆ ಭೂಮಧ್ಯರೇಖೆಯ ಬಿಸಿನೀರಲ್ಲಿ ಇಲ್ಲ. ತಣ್ಣನೆಯ ನೀರಿನ ಈ ಮೀನು ಆ ಬಿಸಿ ಗೋಡೆಯನ್ನು ದಾಟಿದ್ದು ಹೇಗೆ? ಹಿಂದೆ ಇವನ್ನು ಐದು ಬೇರೆ ಜಾತಿ ಅಂತ ಹೆಸರಿಟ್ಟಿದ್ದರು. 1990ರ ದಶಕದಲ್ಲಿ ಡಿಎನ್‌ಎ ಹೋಲಿಸಿದಾಗ ವ್ಯತ್ಯಾಸ ತುಂಬಾ ಕಡಿಮೆ ಕಂಡಿತು. ಬೇರೆಯಾಗಿ ಕೆಲವು ಲಕ್ಷ ವರ್ಷ ಆಗಿರಬಹುದು, ಕೋಟಿಗಟ್ಟಲೆ ಅಲ್ಲ. ಹಿಮಯುಗಗಳಲ್ಲಿ ಭೂಮಧ್ಯರೇಖೆಯ ಕಡೆ ನೀರು ತುಸು ತಣ್ಣಗಾದಾಗ ಕರಾವಳಿ ಹಿಡಿದು ಆಚೆಗೆ ಹೋಗಿರಬೇಕು ಅನ್ನೋದು ಒಪ್ಪುವಂಥ ವಿವರಣೆ. ಹಾಗಾಗಿ ಎಷ್ಟೋ ಜನ ಐದನ್ನೂ ಸೇರಿಸಿ ಸಾರ್ಡಿನಾಪ್ಸ್ ಸ್ಯಾಗಾಕ್ಸ್ ಅಂತ ಒಂದೇ ಜಾತಿ ಮಾಡಿದರು.

ಅಷ್ಟಕ್ಕೇ ಮುಗಿಯಲಿಲ್ಲ. 2022ರಲ್ಲಿ ಅಮೆರಿಕದ ಪಶ್ಚಿಮ ಕರಾವಳಿಯಲ್ಲಿ ಹಿಡಿದ ಸಾರ್ಡಿನ್‌ಗಳ ಪೂರ್ತಿ ಜೀನೋಮ್, ಅಂದರೆ ಇಡೀ ಡಿಎನ್‌ಎ, ನೋಡುತ್ತಿದ್ದ ವಿಜ್ಞಾನಿಗಳು ಬೆಚ್ಚಿಬಿದ್ದರು. ಅದರಲ್ಲಿ ಒಂದಷ್ಟು ಮೀನು ಜಪಾನ್ ಕಡೆಯವು! ಹೊರನೋಟಕ್ಕೆ ಏನೂ ವ್ಯತ್ಯಾಸ ಇಲ್ಲ. ಹುಡುಕೋಕೆ ಹೊರಟಿದ್ದೂ ಅದನ್ನಲ್ಲ. ಇಡೀ ಪೆಸಿಫಿಕ್ ದಾಟಿ ಅಂಗೈಗಿಂತ ತುಸು ಉದ್ದದ ಮೀನು ಬಂದಿತ್ತು. ಪೂರ್ತಿ ಜೀನೋಮ್ ನೋಡಿದಾಗ ಎರಡೂ ಕಡೆಯವು ಬೇರೆ ಜಾತಿ ಅನ್ನುವಷ್ಟು ವ್ಯತ್ಯಾಸವೂ ಕಂಡಿತು. ಹಾಗಾಗಿ ಸಾರ್ಡಿನ್‌ನಲ್ಲಿ ಎಷ್ಟು ಜಾತಿ ಅಂತ ಯಾರಾದರೂ ಖಡಾಖಂಡಿತವಾಗಿ ಹೇಳಿದರೆ ಯಾವ ವರ್ಷದ ಲೆಕ್ಕ ಅಂತ ಕೇಳಿ.

ಬಿಸಿ ಸಮುದ್ರದ ಪಾಲು ಸಾರ್ಡಿನೆಲ್ಲಾದ್ದು. ಪಶ್ಚಿಮ ಆಫ್ರಿಕಾ, ಕೆರಿಬಿಯನ್, ಬ್ರೆಜಿಲ್, ಅರಬ್ಬಿ ಸಮುದ್ರ, ಇಂಡೋನೇಷ್ಯಾ, ಫಿಲಿಪೀನ್ಸ್ ಎಲ್ಲಾ ಕಡೆ ಒಂದಲ್ಲ ಒಂದು ಜಾತಿ ಇದೆ. ಇಲ್ಲೂ ನಿಯಮ ಅದೇ, ನೀರು ಮೇಲೇಳಬೇಕು. ಅರಬ್ಬಿ ಸಮುದ್ರದಲ್ಲಿ ಆ ಕೆಲಸ ಮಾಡೋದು ನೈಋತ್ಯ ಮುಂಗಾರಿನ ಗಾಳಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಭಾರತದ ನೈಋತ್ಯ ದಡದಲ್ಲೂ ಒಮಾನ್ ಕಡೆಯೂ ತಳದ ನೀರು ಮೇಲೆ ಬರುತ್ತದೆ, ಡಯಾಟಮ್ ಉಕ್ಕುತ್ತದೆ, ಬೂತಾಯಿ ಮೊಟ್ಟೆ ಇಡೋದೂ ಅದೇ ಹೊತ್ತಿಗೆ. ಈ ಮೀನಿಗೆ ಆಯಸ್ಸು ಎರಡು ಮೂರು ವರ್ಷ. ಒಂದೇ ವರ್ಷಕ್ಕೆ ಮೊಟ್ಟೆಗೆ ಬರುತ್ತದೆ. ತಣ್ಣೀರಿನ ಸಾರ್ಡಿನಾಪ್ಸ್ ನಿಧಾನ, ಎಂಟು ಹತ್ತು ವರ್ಷ ಬದುಕೋದೂ ಉಂಟು.

ಮೈ ಬಗ್ಗೆ ಎರಡು ಮಾತು. ಬೆನ್ನು ಹಸಿರು ನೀಲಿ, ಹೊಟ್ಟೆ ಬೆಳ್ಳಿ. ಮೇಲಿನಿಂದ ನೋಡುವ ಹಕ್ಕಿಗೆ ಬೆನ್ನು ನೀರಿನ ಬಣ್ಣ, ಕೆಳಗಿನಿಂದ ನೋಡುವ ಮೀನಿಗೆ ಹೊಟ್ಟೆ ಆಕಾಶದ ಬಣ್ಣ. ಆ ಬೆಳ್ಳಿ ಬಣ್ಣವಲ್ಲ, ಚರ್ಮದಲ್ಲಿರುವ ಗ್ವಾನಿನ್ ಅನ್ನೋ ವಸ್ತುವಿನ ಸಣ್ಣ ಹರಳುಗಳು ಕನ್ನಡಿಯಂತೆ ಬೆಳಕನ್ನು ವಾಪಸ್ ಕಳಿಸುತ್ತವೆ. ಇಂಥ ಹರಳಿನ ಕನ್ನಡಿಗೆ ಸಾಮಾನ್ಯವಾಗಿ ಒಂದು ಐಬು ಇರುತ್ತದೆ, ಕೆಲವು ಕೋನದಲ್ಲಿ ಬೆಳಕನ್ನು ಧ್ರುವೀಕರಿಸಿ, ಅಂದರೆ ಅದರ ಒಂದು ಭಾಗವನ್ನಷ್ಟೇ ವಾಪಸ್ ಕಳಿಸಿ, ಮಂಕಾಗಿಬಿಡುತ್ತದೆ. ಸಾರ್ಡಿನ್ ಮತ್ತು ಹೆರಿಂಗ್ ಚರ್ಮದಲ್ಲಿ ಎರಡು ಥರದ ಹರಳುಗಳು ಬೆರೆತಿದ್ದು ಈ ಐಬನ್ನು ತಪ್ಪಿಸುತ್ತವೆ ಅಂತ ಬ್ರಿಸ್ಟಲ್ ವಿಶ್ವವಿದ್ಯಾಲಯದವರು 2012ರಲ್ಲಿ ತೋರಿಸಿದರು. ಹೊಟ್ಟೆಯ ಅಡಿ ಬೆರಳನ್ನು ಬಾಲದಿಂದ ತಲೆ ಕಡೆಗೆ ಎಳೆದರೆ ಗರಗಸದ ಹಾಗೆ ಚುಚ್ಚುತ್ತದೆ, ಅದು ಮುಳ್ಳಿನ ತುದಿಯ ಗಟ್ಟಿ ಹುರುಪೆಗಳ ಸಾಲು. ಉಳಿದ ಹುರುಪೆಗಳು ಮಾತ್ರ ಮುಟ್ಟಿದರೆ ಉದುರಿ ಕೈಗೆ ಅಂಟುತ್ತವೆ. ಈ ಉದುರುವ ಹುರುಪೆಗಳದ್ದೇ ಒಂದು ದೊಡ್ಡ ಕಥೆ ಇದೆ, ಬರುತ್ತೇನೆ.

ಹಗಲು ಗಟ್ಟಿ ಹಿಂಡು, ರಾತ್ರಿ ಹಿಂಡು ಸಡಿಲ. ಕಣ್ಣಿಗೆ ಕಾಣುವಾಗ ಒಟ್ಟಿಗಿರು, ಕತ್ತಲಾದ ಮೇಲೆ ಮೇಲೆ ಬಂದು ಹರಡಿಕೊಂಡು ತಿನ್ನು, ಇದು ಲೆಕ್ಕಾಚಾರ. ಹಿಂಡಲ್ಲಿ ನಾಯಕ ಯಾರೂ ಇರಲ್ಲ. ಪ್ರತಿ ಮೀನೂ ಪಕ್ಕದ ಕೆಲವು ಮೀನುಗಳನ್ನು ನೋಡಿಕೊಂಡು ತಿರುಗುತ್ತದೆ, ಅಷ್ಟರಲ್ಲೇ ಲಕ್ಷಾಂತರ ಮೀನು ಒಂದೇ ಮೈ ಆದಂತೆ ಹೊರಳುತ್ತವೆ.

ಈಗ ಮೊಟ್ಟೆ, ಯಾಕೆಂದರೆ ನಿಮ್ಮ ಮೂರನೇ ಪ್ರಶ್ನೆಯ ಉತ್ತರ ಇಲ್ಲಿಂದ ಶುರುವಾಗುತ್ತದೆ. ಹೆಣ್ಣು ಒಂದೇ ಸಲಕ್ಕೆ ಎಲ್ಲ ಮೊಟ್ಟೆ ಇಡಲ್ಲ. ಋತುವಿಡೀ ಕೆಲವು ದಿನಕ್ಕೊಮ್ಮೆ ಕಂತು ಕಂತಾಗಿ, ಪ್ರತಿ ಕಂತಿಗೂ ಸಾವಿರಾರು ಮೊಟ್ಟೆ, ಹೆಚ್ಚಾಗಿ ಕತ್ತಲಾದ ಮೇಲೆ, ನೀರಿಗೆ ಬಿಟ್ಟುಬಿಡುತ್ತದೆ. ಗೂಡಿಲ್ಲ, ಕಾವಲಿಲ್ಲ. ಮೊಟ್ಟೆ ಗಾಜಿನ ಮಣಿಯಂತೆ ಪಾರದರ್ಶಕ, ಒಂದೂವರೆ ಮಿಲಿಮೀಟರ್ ಆಸುಪಾಸು, ಒಳಗೆ ಒಂದು ಎಣ್ಣೆ ಹನಿ. ಎರಡು ನಾಲ್ಕು ದಿನಕ್ಕೆ ಒಡೆದು ದಾರದ ತುಂಡಿನಂಥ ಮರಿ ಬರುತ್ತದೆ. ಅದಕ್ಕೆ ಬಾಯಿಲ್ಲ, ಕಣ್ಣಿಗೆ ಬಣ್ಣವಿಲ್ಲ. ಹೊಟ್ಟೆಯಲ್ಲಿರುವ ಬುತ್ತಿ ಮುಗಿಯೋದರೊಳಗೆ ಬಾಯಿ ಬಂದು ಪಕ್ಕದಲ್ಲೇ ಊಟ ಸಿಗಬೇಕು. ಸಿಗದಿದ್ದರೆ ಕೆಲವೇ ದಿನದಲ್ಲಿ ಮುಗೀತು. ಬಾಚಣಿಗೆಯಂತೂ ಆಗ ಇರೋದೇ ಇಲ್ಲ, ಅದು ಬೆಳೆಯುತ್ತಾ ಬರಬೇಕು.

ಮೀನಿನ ಸಂಖ್ಯೆ ಏರಿಳಿಯೋದಕ್ಕೆ ಮರಿಗಳ ಈ ಮೊದಲ ದಿನಗಳೇ ಕಾರಣ ಅಂತ ನಾರ್ವೆಯ ಯೋಹಾನ್ ಯೋರ್ಟ್ 1914ರಲ್ಲೇ ಹೇಳಿದ್ದ. ಕ್ಯಾಲಿಫೋರ್ನಿಯಾದಲ್ಲಿ ಕೆಲಸ ಮಾಡಿದ ರೂಬೆನ್ ಲಾಸ್ಕರ್ 1970ರ ದಶಕದಲ್ಲಿ ಇನ್ನೊಂದು ವಿಷಯ ಸೇರಿಸಿದ. ಊಟ ಇದ್ದರೆ ಸಾಲದು, ಒಂದೇ ಕಡೆ ಮಂದವಾಗಿ ನಿಂತಿರಬೇಕು. ಬಿರುಗಾಳಿ ಬಂದು ನೀರು ಕಲಕಿದರೆ ಊಟ ಚದುರಿಹೋಗಿ ಮರಿ ಉಪವಾಸ ಸಾಯುತ್ತದೆ. ನೋಡಿ ತಮಾಷೆ: ಗಾಳಿ ಇಲ್ಲದಿದ್ದರೆ ತಳದ ನೀರು ಮೇಲೆ ಬರಲ್ಲ, ಊಟವೇ ಇಲ್ಲ. ಗಾಳಿ ಜಾಸ್ತಿಯಾದರೆ ಊಟ ಚೆಲ್ಲಾಪಿಲ್ಲಿ, ಜೊತೆಗೆ ಮರಿಗಳೂ ನಡುಸಮುದ್ರಕ್ಕೆ ಕೊಚ್ಚಿಹೋಗುತ್ತವೆ. ಫಿಲಿಪ್ ಕ್ಯೂರಿ ಮತ್ತು ಕ್ಲೋಡ್ ರುವಾ 1989ರಲ್ಲಿ ಬೇರೆ ಬೇರೆ ಸಮುದ್ರಗಳ ಲೆಕ್ಕ ತೆಗೆದು, ಸೆಕೆಂಡಿಗೆ ಐದಾರು ಮೀಟರ್ ವೇಗದ ಗಾಳಿ ಇದ್ದಾಗ ಮರಿಗಳಿಗೆ ಒಳ್ಳೆಯದು, ಅದಕ್ಕಿಂತ ಆಚೀಚೆ ಆದರೆ ಕಷ್ಟ ಅಂತ ತೋರಿಸಿದರು. ಒಂದು ಹೆಣ್ಣು ಜೀವಮಾನದಲ್ಲಿ ಲಕ್ಷಗಟ್ಟಲೆ ಮೊಟ್ಟೆ ಇಟ್ಟರೂ ಸಂಖ್ಯೆ ಸ್ಥಿರವಾಗಿರಲು ಎರಡು ಬದುಕಿದರೆ ಸಾಕು. ಎರಡರ ಬದಲು ನಾಲ್ಕು ಬದುಕಿದ ವರ್ಷ ಸಮುದ್ರ ತುಂಬಿ ತುಳುಕುತ್ತದೆ. ಒಂದೇ ಬದುಕಿದರೆ ಅರ್ಧಕ್ಕೆ ಇಳಿಯಿತು. ಲಕ್ಷದಲ್ಲಿ ಒಂದೆರಡರ ವ್ಯತ್ಯಾಸ, ಅಷ್ಟೇ.

ಏರಿಳಿತ ಹೊಸದೇನಲ್ಲ ಅನ್ನೋದಕ್ಕೆ ಸಾಕ್ಷಿ ಆ ಉದುರುವ ಹುರುಪೆಗಳು. ಕ್ಯಾಲಿಫೋರ್ನಿಯಾದ ಸಾಂಟಾ ಬಾರ್ಬರಾ ಹತ್ತಿರ ಸಮುದ್ರದ ತಳದಲ್ಲೊಂದು ತಗ್ಗಿದೆ. ಅಲ್ಲಿ ಆಮ್ಲಜನಕ ಇಲ್ಲದಷ್ಟು ಕಡಿಮೆ, ಕೆಸರನ್ನು ಕೆದಕುವ ಹುಳಹುಪ್ಪಟೆ ಇಲ್ಲ, ಹಾಗಾಗಿ ವರ್ಷ ವರ್ಷದ ಕೆಸರು ಪುಸ್ತಕದ ಹಾಳೆಯಂತೆ ಪದರ ಪದರವಾಗಿ ಉಳಿದಿದೆ. ಆ ಹಾಳೆಗಳ ನಡುವೆ ಸಾರ್ಡಿನ್ ಮತ್ತು ಆಂಚೊವಿ ಹುರುಪೆಗಳು! ಅವನ್ನು ಎಣಿಸಿ 1992ರಲ್ಲಿ ಸುಮಾರು 1,700 ವರ್ಷಗಳ ಲೆಕ್ಕ ಕೊಟ್ಟರು. ಅಷ್ಟರಲ್ಲಿ ಸಾರ್ಡಿನ್ ಒಂಬತ್ತು ಸಲ ದೊಡ್ಡದಾಗಿ ಏರಿ ಒಂಬತ್ತು ಸಲ ಕುಸಿದಿತ್ತು, ಅದರ ನಡುವೆ ಸುಮಾರು ಅರವತ್ತು ವರ್ಷದ ಏರಿಳಿತವೂ ಕಂಡಿತು. ದೊಡ್ಡ ಬಲೆಗಳಾಗಲಿ ಯಂತ್ರದ ದೋಣಿಗಳಾಗಲಿ ಹುಟ್ಟುವ ಎಷ್ಟೋ ಶತಮಾನದ ಹಿಂದಿನಿಂದಲೇ.

ಈಚಿನ ಅಂಕಿ ಬೇಕಾದರೆ ಜಪಾನ್ ನೋಡಿ. 1988ರಲ್ಲಿ ಅಲ್ಲಿ ಹಿಡಿದ ಸಾರ್ಡಿನ್ ಸುಮಾರು 45 ಲಕ್ಷ ಟನ್. 2005ರ ಹೊತ್ತಿಗೆ 30 ಸಾವಿರ ಟನ್‌ನ ಆಸುಪಾಸಿಗೆ ಬಂತು. ಇನ್ನೂ ಆಶ್ಚರ್ಯ ಏನೆಂದರೆ ಜಪಾನ್, ಕ್ಯಾಲಿಫೋರ್ನಿಯಾ, ಚಿಲಿ ಮೂರೂ ಕಡೆ ಸಾರ್ಡಿನ್ ಹೆಚ್ಚು ಕಡಿಮೆ ಒಟ್ಟಿಗೇ ಏರುತ್ತದೆ, ಒಟ್ಟಿಗೇ ಇಳಿಯುತ್ತದೆ. ಇದನ್ನು 1983ರಲ್ಲಿ ಎತ್ತಿ ತೋರಿಸಿದವರು ಜಪಾನಿನ ತ್ಸುಯೋಶಿ ಕವಾಸಾಕಿ. ಮೀನುಗಳು ಮಾತಾಡಿಕೊಂಡಿಲ್ಲ. ಪೆಸಿಫಿಕ್ ಸಾಗರ ಹತ್ತಾರು ವರ್ಷಗಳ ಅವಧಿಯಲ್ಲಿ ತೂಗುಮಣೆಯಂತೆ ಒಂದು ಕಡೆ ಬೆಚ್ಚಗಾಗಿ ಇನ್ನೊಂದು ಕಡೆ ತಣ್ಣಗಾಗುತ್ತದೆ, ಆಮೇಲೆ ಅದಲು ಬದಲು. ಕ್ಯಾಲಿಫೋರ್ನಿಯಾದಲ್ಲಿ ನೀರು ಬೆಚ್ಚಗಾದಾಗ ಸಾರ್ಡಿನ್‌ಗೆ ಒಳ್ಳೆಯದು. ಜಪಾನಿನಲ್ಲಿ ತಣ್ಣಗಾದಾಗ ಒಳ್ಳೆಯದು, ಅಲ್ಲಿ ಸಾರ್ಡಿನ್ ಮರಿ 16 ಡಿಗ್ರಿ ಸುಮಾರಿಗೆ ಚೆನ್ನಾಗಿ ಬೆಳೆದರೆ ಆಂಚೊವಿ ಮರಿಗೆ 22 ಡಿಗ್ರಿ ಬೇಕು. ಹಾಗಾಗಿ ತೂಗುಮಣೆ ಒಂದು ಕಡೆಗೆ ವಾಲಿದಾಗ ಎರಡೂ ದಡಕ್ಕೂ ಸಾರ್ಡಿನ್ ಕಾಲ. ಇನ್ನೊಂದು ಕಡೆಗೆ ವಾಲಿದಾಗ ಆಂಚೊವಿ ಕಾಲ. ಬಾಚಣಿಗೆಯ ಸಂದಿಯ ಮಾತು ನೆನಪಿದೆಯಾ? ನೀರು ಬಲವಾಗಿ ಮೇಲೆದ್ದಾಗ ದೊಡ್ಡ ಡಯಾಟಮ್, ದೊಡ್ಡ ಕೋಪಿಪಾಡ್, ಅದು ಕಚ್ಚಿ ತಿನ್ನುವ ಆಂಚೊವಿಗೆ ಹಬ್ಬ. ಮೇಲೇಳೋದು ನಿಧಾನವಾದರೆ ಸಣ್ಣ ಪ್ಲಾಂಕ್ಟನ್, ಅದು ಒತ್ತು ಬಾಚಣಿಗೆಯ ಸಾರ್ಡಿನ್ ಪಾಲು. ಎಲ್ಲಾ ಕಡೆಗೂ ಇದೊಂದೇ ವಿವರಣೆ ಸಾಲದು, ಆದರೆ ತುಂಬಾ ದೂರ ಕರೆದೊಯ್ಯುತ್ತದೆ.

ಹಾಗಾದರೆ ಹಿಡಿಯೋದರಿಂದ ಏನೂ ಆಗಲ್ಲವಾ? ಈ ವಾದ ಕೇಳಿ ಕೇಳಿ ನನಗೆ ಸಾಕಾಗಿದೆ. ತಾನಾಗೇ ಇಳಿಯುವ ಮೀನನ್ನು ಇಳಿಯುವಾಗಲೂ ಅಷ್ಟೇ ಜೋರಾಗಿ ಹಿಡಿದರೆ ಅದು ತಳಕ್ಕೆ ಬೀಳುತ್ತದೆ, ಏಳೋಕೆ ತಾಯಿ ಮೀನೇ ಉಳಿಯಲ್ಲ. ಹಿಂಡಾಗಿ ಇರೋದೂ ಇಲ್ಲಿ ಶಾಪವೇ. ಸಮುದ್ರದಲ್ಲಿ ಹತ್ತರಲ್ಲಿ ಒಂಬತ್ತು ಪಾಲು ಮೀನು ಹೋದರೂ ಉಳಿದದ್ದು ಹಿಂಡು ಕಟ್ಟಿಕೊಂಡೇ ಇರುತ್ತದೆ, ಬಲೆಗೆ ಮೊದಲಿನಷ್ಟೇ ಬೀಳುತ್ತದೆ, ಹಿಡಿಯುವವನಿಗೆ ಕಡಿಮೆಯಾದದ್ದು ಗೊತ್ತೇ ಆಗಲ್ಲ. ಉತ್ತರ ಅಮೆರಿಕದ ಪಶ್ಚಿಮ ದಡದಲ್ಲಿ 1936ರಲ್ಲಿ 7 ಲಕ್ಷ ಟನ್‌ಗೂ ಜಾಸ್ತಿ ಹಿಡಿದರು. 1967ರಲ್ಲಿ ಕ್ಯಾಲಿಫೋರ್ನಿಯಾ ಹಿಡಿಯೋದನ್ನೇ ನಿಲ್ಲಿಸಬೇಕಾಯಿತು. ಸುಮಾರು ಇಪ್ಪತ್ತು ವರ್ಷ ಕಾದ ಮೇಲೆ ಮೀನು ವಾಪಸ್ ಬಂತು. 2015ರಲ್ಲಿ ಮತ್ತೆ ಮುಚ್ಚಿದರು. ನಮೀಬಿಯಾದಲ್ಲಿ 1960ರ ದಶಕದ ಕೊನೆಗೆ ಕುಸಿದ ಸಾರ್ಡಿನ್ ಮಾತ್ರ ಇವತ್ತಿಗೂ ಸರಿಯಾಗಿ ಎದ್ದಿಲ್ಲ. ಅದರ ಜಾಗವನ್ನು ಗೋಬಿ ಅನ್ನೋ ಸಣ್ಣ ಮೀನು ಮತ್ತು ಅಂಬಲಿ ಮೀನುಗಳು (ಜೆಲ್ಲಿಫಿಶ್, ಹೆಸರಿಗಷ್ಟೇ ಮೀನು) ಹಿಡಿದವು. 2006ರಲ್ಲಿ ಪ್ರಕಟವಾದ ಒಂದು ಸಮೀಕ್ಷೆಯ ಪ್ರಕಾರ ಅಲ್ಲಿ ಅಂಬಲಿ ಮೀನು ಸುಮಾರು 122 ಲಕ್ಷ ಟನ್, ಮೀನು ಬರೀ 36 ಲಕ್ಷ ಟನ್. ಬೂತಾಯಿಯದ್ದೂ ಇದೇ ಜಾತಕ: ಕೇರಳದ ದಡದಲ್ಲಿ 2012ರಲ್ಲಿ ಸುಮಾರು 3.9 ಲಕ್ಷ ಟನ್ ಸಿಕ್ಕಿದ್ದು 2021ರಲ್ಲಿ 3,297 ಟನ್‌ಗೆ ಇಳಿಯಿತು.

ಇನ್ನೊಂದು ಥರದ ತೊಂದರೆ ಮೆಡಿಟರೇನಿಯನ್‌ನಲ್ಲಿ ಕಾಣುತ್ತಿದೆ. ಫ್ರಾನ್ಸಿನ ದಕ್ಷಿಣದ ಲಯನ್ಸ್ ಕೊಲ್ಲಿಯಲ್ಲಿ 2008ರ ಸುಮಾರಿನಿಂದ ಸಾರ್ಡಿನ್ ಮಾಯವಾಗಲಿಲ್ಲ, ಸಣ್ಣದಾಯಿತು. 15 ಸೆಂಟಿಮೀಟರ್ ಇರುತ್ತಿದ್ದದ್ದು 11ಕ್ಕೆ ಬಂತು, ಬಡಕಲೂ ಆಯಿತು, ವಯಸ್ಸಾದ ಮೀನು ಇಲ್ಲವಾಯಿತು. ರೋಗವಾ, ಬೇಟೆಯಾಡುವ ದೊಡ್ಡ ಮೀನುಗಳಾ ಅಂತೆಲ್ಲ ಹುಡುಕಿ ಕೊನೆಗೆ ಸಂಶಯ ಊಟದ ಮೇಲೆ ಬಂತು. ಸಾರ್ಡಿನ್‌ಗಳನ್ನು ತೊಟ್ಟಿಯಲ್ಲಿ ಸಾಕಿ ಕೆಲವಕ್ಕೆ ದೊಡ್ಡ ಕಾಳು, ಕೆಲವಕ್ಕೆ ಸಣ್ಣ ಕಾಳು ಹಾಕಿ ನೋಡಿದರು. ಸಣ್ಣ ಕಾಳು ತಿಂದವು ಅಷ್ಟೇ ಬೆಳೆಯೋಕೆ ಎರಡರಷ್ಟು ತಿನ್ನಬೇಕಾಯಿತು. ಕಚ್ಚಿ ತಿನ್ನೋದಾದರೆ ಒಂದು ಸಲ ಮುನ್ನುಗ್ಗಿದರಾಯಿತು, ಸೋಸೋದಾದರೆ ಈಜುತ್ತಲೇ ಇರಬೇಕು, ಸಂಪಾದಿಸಿದ್ದೆಲ್ಲ ಅದಕ್ಕೇ ಖರ್ಚು. ಅಂದರೆ ಪ್ಲಾಂಕ್ಟನ್‌ನ ಒಟ್ಟು ತೂಕ ಅಷ್ಟೇ ಇದ್ದರೂ ಕಾಳಿನ ಗಾತ್ರ ಇಳಿದರೆ ಮೀನು ಸೊರಗುತ್ತದೆ. ಒತ್ತು ಬಾಚಣಿಗೆಗೂ ಒಂದು ಮಿತಿ ಇದೆ.

ಅದೇ ಕಿವಿರು ಸಾವಿನ ದಾರಿಯೂ ಆಗಬಹುದು. 1995ರ ಮಾರ್ಚ್‌ನಲ್ಲಿ ದಕ್ಷಿಣ ಆಸ್ಟ್ರೇಲಿಯಾದ ಒಂದು ಕೊಲ್ಲಿಯಲ್ಲಿ ಸಾರ್ಡಿನ್ ಸತ್ತು ತೇಲತೊಡಗಿದವು. ಹರ್ಪಿಸ್ ಜಾತಿಯ ಒಂದು ವೈರಸ್ ಕಿವಿರಿನ ಪೊರೆಯನ್ನು ದಪ್ಪಗೆ ಮಾಡಿ ಉಸಿರು ಕಟ್ಟಿಸುತ್ತಿತ್ತು. ದಿನಕ್ಕೆ ಸುಮಾರು 30 ಕಿಲೋಮೀಟರ್‌ನಂತೆ, ನೀರಿನ ಸೆಳೆತಕ್ಕೆ ಎದುರಾಗಿಯೂ, ಎರಡೂ ದಿಕ್ಕಿಗೆ ಹಬ್ಬಿತು. ಬಲಿತ ಮೀನು ಸತ್ತವು, ಮರಿಗಳು ಉಳಿದವು. 1998ರಲ್ಲಿ ಇನ್ನೊಂದು ಸಲ ಬಂತು. ಆದರೂ ಕೆಲವು ವರ್ಷದಲ್ಲಿ ಅಲ್ಲಿ ಸಾರ್ಡಿನ್ ತುಂಬಿಕೊಂಡಿತು.

ದಕ್ಷಿಣ ಆಫ್ರಿಕಾದ ಸಾರ್ಡಿನ್ ಓಟದ ವಿಡಿಯೋ ನೀವು ನೋಡಿರುತ್ತೀರಿ. ಮೇ ತಿಂಗಳಿಂದ ಜುಲೈವರೆಗೆ ಕಿಲೋಮೀಟರ್‌ಗಟ್ಟಲೆ ಉದ್ದದ ಹಿಂಡುಗಳು ಪೂರ್ವ ಕರಾವಳಿಯ ಗುಂಟ ಉತ್ತರಕ್ಕೆ ಹೋಗುತ್ತವೆ. ಡಾಲ್ಫಿನ್ ಕೆಳಗಿನಿಂದ ಅಟ್ಟಿ ಉಂಡೆ ಮಾಡುತ್ತವೆ, ಶಾರ್ಕ್ ನುಗ್ಗುತ್ತವೆ, ಮೇಲಿನಿಂದ ಗ್ಯಾನೆಟ್ ಹಕ್ಕಿಗಳು ಬಾಣದಂತೆ ಬೀಳುತ್ತವೆ. ಏನೋ ದೊಡ್ಡ ಲಾಭಕ್ಕೆ ಹೋಗುತ್ತಿವೆ ಅನ್ನಿಸುತ್ತದೆ. ಇಲ್ಲ. 2021ರಲ್ಲಿ ಡಿಎನ್‌ಎ ನೋಡಿದಾಗ ಓಡುವ ಮೀನು ಹೆಚ್ಚಾಗಿ ಅಟ್ಲಾಂಟಿಕ್ ಕಡೆಯ ತಣ್ಣೀರಿನವು ಅಂತ ತಿಳಿಯಿತು. ಚಳಿಗಾಲದಲ್ಲಿ ಆಗ್ನೇಯ ದಡದಲ್ಲಿ ಸ್ವಲ್ಪ ಹೊತ್ತು ತಣ್ಣೀರು ಮೇಲೇಳುತ್ತದೆ. ತಮ್ಮ ಊರಿನ ನೀರೇ ಅಂದುಕೊಂಡು ಅದರ ಹಿಂದೆ ಹೋಗುತ್ತವೆ, ಕೊನೆಗೆ ಹಿಂದೂ ಮಹಾಸಾಗರದ ಬಿಸಿನೀರಲ್ಲಿ ಸಿಕ್ಕಿಕೊಳ್ಳುತ್ತವೆ. ಪ್ರಪಂಚದ ಅತಿ ದೊಡ್ಡ ವಲಸೆಗಳಲ್ಲೊಂದು ಅಂತ ಹೊಗಳೋ ಈ ಓಟ ಮೀನಿಗೆ ಒಂದು ಮೋಸದ ಬೋನು.

ಇನ್ನು ಸಿಹಿನೀರು. ಒಂದೇ ಒಂದು ಸಾರ್ಡಿನೆಲ್ಲಾ ಸಿಹಿನೀರಲ್ಲಿ ಬದುಕುತ್ತದೆ, ಫಿಲಿಪೀನ್ಸಿನ ತಾಲ್ ಸರೋವರದಲ್ಲಿ. ಅಲ್ಲಿಯವರು ತವಿಲಿಸ್ ಅನ್ನುತ್ತಾರೆ. ತಾಲ್ ಒಂದು ಜ್ವಾಲಾಮುಖಿ, ಅದರ ಸುತ್ತಲಿನ ನೀರು ಹಿಂದೆ ಸಮುದ್ರಕ್ಕೆ ತೆರೆದುಕೊಂಡಿತ್ತು. 18ನೇ ಶತಮಾನದ ಸ್ಫೋಟಗಳಲ್ಲಿ, ಅದರಲ್ಲೂ 1754ರಲ್ಲಿ, ಬೂದಿ ಕಲ್ಲು ಬಿದ್ದು ದಾರಿ ಕಟ್ಟಿಕೊಂಡಿತು. ಮಳೆ ನೀರು ಸೇರಿ ಸೇರಿ ಉಪ್ಪು ಕರಗಿಹೋಯಿತು. ಒಳಗೆ ಉಳಿದ ಸಾರ್ಡಿನ್ ಸಾಯಲಿಲ್ಲ. ಈಗಲೂ ಹಿಂಡು ಕಟ್ಟಿಕೊಂಡು ಸರೋವರದ ಪ್ಲಾಂಕ್ಟನ್ ತಿಂದುಕೊಂಡಿದೆ. ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲ. 2019ರಲ್ಲಿ ಅದನ್ನು ಅಳಿವಿನಂಚಿನ ಜೀವಿಗಳ ಪಟ್ಟಿಗೆ ಸೇರಿಸಿದ್ದಾರೆ.